ಚಿನ್ನಾರು: ಹೊಗೆನಕಲ್ಲಿಗೆ ಇಳಿಯುವ ಕಾಡುಹೊಳೆ

ತಮಿಳುನಾಡಿನ ಧರ್ಮಪುರಿ ಜಿಲ್ಲೆಯ ಹೊಗೆನಕಲ್ಲನ್ನು ಕಂಡವರು ಬಹಳ. ಅಲ್ಲಿಯೇ ಎಡದಂಡೆಯಿಂದ ಬಂದು ಕಾವೇರಿಯನ್ನು ಕೂಡುವ ಚಿನ್ನಾರನ್ನು ಗಮನಿಸಿದವರು ಕಡಿಮೆ. ವರ್ಷದ ಹೆಚ್ಚಿನ ದಿನಗಳಲ್ಲಿ ಅದು ಬಂಡೆಗಳ ನಡುವೆ ನುಸುಳುವ ಸಣ್ಣ ನೀರು. ಬೇಸಗೆಯಲ್ಲಿ ಅದೂ ಕಾಣದೆ ಮರಳು ಮಾತ್ರ ಉಳಿಯುವುದುಂಟು. ಹೆಸರೂ ಅದನ್ನೇ ಹೇಳುತ್ತದೆ. ತಮಿಳಿನಲ್ಲಿ ‘ಚಿನ್ನ’ ಎಂದರೆ ಸಣ್ಣದು, ‘ಆರು’ ಎಂದರೆ ಹೊಳೆ. ಕನ್ನಡದ ಕಿವಿ ಇಲ್ಲಿ ಬಂಗಾರವನ್ನು ಕೇಳಿಸಿಕೊಂಡರೆ ಅದು ಕಿವಿಯ ಔದಾರ್ಯವೇ ಹೊರತು ಹೆಸರಿನ ಅರ್ಥವಲ್ಲ. ಈ ಹೆಸರಿನ ಹೊಳೆಗಳು ತಮಿಳು ನಾಡಿನಲ್ಲಿ ಹಲವಿವೆ. ಕೇರಳದ ಇಡುಕ್ಕಿ ಜಿಲ್ಲೆಯಲ್ಲಿ ಅಭಯಾರಣ್ಯಕ್ಕೆ ಹೆಸರಾದ ಚಿನ್ನಾರು ಬೇರೆಯದು.

ಹೊಳೆಯ ಮೂಲ ತಳಿ, ಡೆಂಕಣಿಕೋಟೆಗಳ ಎತ್ತರದ ಬಯಲು. ಸಮುದ್ರಮಟ್ಟದಿಂದ ಎಂಟು-ಒಂಬತ್ತು ನೂರು ಮೀಟರು ಎತ್ತರದ ಆ ನೆಲದಿಂದ ದಕ್ಷಿಣಕ್ಕೆ ಹರಿದು, ಪಂಚಪಳ್ಳಿಯ ಅಣೆಕಟ್ಟನ್ನು ದಾಟಿ, ಮೇಲಗಿರಿ ಬೆಟ್ಟಸಾಲಿನ ಅಂಚಿನ ಕಾಡುಗಳಲ್ಲಿ ಇಳಿಯುತ್ತ, ಸುಮಾರು 250 ಮೀಟರು ಎತ್ತರದ ಹೊಗೆನಕಲ್ಲಿನ ಬಳಿ ಅದು ಕಾವೇರಿಗೆ ಸೇರುತ್ತದೆ. ಇದರ ಜಲಾನಯನವನ್ನು ಕುರಿತು ಹಳೆಯ ದಾಖಲೆಗಳನ್ನು ಹುಡುಕುವವರು ಸೇಲಂ ಜಿಲ್ಲೆಯ ಹೆಸರಿನಲ್ಲಿ ಹುಡುಕಬೇಕು. ಧರ್ಮಪುರಿ ಸೇಲಮಿನಿಂದ ಬೇರೆಯಾದದ್ದು 1965ರಲ್ಲಿ. ಹೊಳೆಯ ಮೇಲ್ಭಾಗವನ್ನೊಳಗೊಂಡ ಕೃಷ್ಣಗಿರಿ ಧರ್ಮಪುರಿಯಿಂದ ಬೇರೆಯಾದದ್ದು 2004ರಲ್ಲಿ.

ಕನ್ನಡದ ವಿದ್ಯಾರ್ಥಿಗೆ ಈ ನೆಲದ ಊರುಹೆಸರುಗಳೇ ಒಂದು ಪಾಠ. ಮಾರಂಡಹಳ್ಳಿಯೂ ನಲ್ಲಂಪಳ್ಳಿಯೂ ಒಂದೇ ಜಿಲ್ಲೆಯಲ್ಲಿವೆ. ಹಳಗನ್ನಡದ ಪಕಾರ ಮುಂದೆ ಹಕಾರವಾದ ಬಗೆಯನ್ನು ತರಗತಿಯಲ್ಲಿ ಸೂತ್ರವಾಗಿ ಓದುವವರು ಇಲ್ಲಿ ಬಸ್ಸಿನ ಫಲಕಗಳಲ್ಲಿ ಅದನ್ನು ಕಾಣಬಹುದು. ತಮಿಳು ಬರಹದಲ್ಲಿ ಆ ಹಕಾರವೂ ಅನೇಕ ವೇಳೆ ಉದುರಿ, ‘ಹಳ್ಳಿ’ ಎಂಬುದು ‘ಅಳ್ಳಿ’ ಆಗುತ್ತದೆ. ಹೊಗೆನಕಲ್ಲು ‘ಒಕೇನಕ್ಕಲ್’ ಆಗುತ್ತದೆ. ನೀರಿನ ಹೆಸರುಗಳಲ್ಲಿಯೂ ಹೀಗೆಯೇ. ಜಿಲ್ಲೆಯ ಒಂದು ಅಣೆಕಟ್ಟಿನ ಹೆಸರು ಕೇಸರಗುಳಿಹಳ್ಳ. ಕೆಸರು, ಗುಳಿ, ಹಳ್ಳ ಎಂದು ಅದನ್ನು ಬಿಡಿಸಿ ಓದಲು ಕನ್ನಡಿಗನಿಗೆ ನಿಘಂಟು ಬೇಕಾಗಲಾರದು. ಅಂಚೆಟ್ಟಿಯ ಕಡೆಯಿಂದ ಕಾವೇರಿಗೆ ಇಳಿಯುವ ದೊಡ್ಡಹಳ್ಳದ ಮಾತೂ ಅಷ್ಟೇ. ಮರಾಠಿಯವರು ‘ಓಢಾ’ ಎನ್ನುವುದನ್ನು ಕನ್ನಡಿಗರು ಹಳ್ಳ ಎನ್ನುತ್ತಾರೆ. ಆದರೆ ಹಳ್ಳವೆಂಬುದು ನೀರಿಗಿಂತ ಮೊದಲು ತಗ್ಗಿನ ಹೆಸರು. ನೀರು ಬತ್ತಿದರೂ ಹಳ್ಳ ಹಳ್ಳವೇ. ಈ ಸೀಮೆಯ ಹೊಳೆಗಳ ಸ್ವಭಾವಕ್ಕೆ ಇದಕ್ಕಿಂತ ತಕ್ಕ ಪದವಿಲ್ಲ.

ಇಂಗ್ಲಿಷ್ ಪುಸ್ತಕಗಳಲ್ಲಿ ಕಾಡಿನ ಹೊಳೆ ಎಂದರೆ ಸಾಮಾನ್ಯವಾಗಿ ಟ್ರೌಟ್ ಮೀನಿನ ಹೊಳೆ: ತಣ್ಣನೆಯ, ತಿಳಿಯಾದ, ವರ್ಷವಿಡೀ ಹರಿಯುವ ನೀರು. ಆ ಮೀನಿಗೆ ಇಪ್ಪತ್ತು ಡಿಗ್ರಿ ಸೆಲ್ಸಿಯಸ್ಸಿಗಿಂತ ತಂಪಾದ, ಆಮ್ಲಜನಕ ತುಂಬಿದ ನೀರು ಹಿತ. ದಕ್ಷಿಣ ಭಾರತದಲ್ಲಿ ಅದು ನೆಲೆಯೂರಿದ್ದು ನೀಲಗಿರಿಯಂಥ ಎತ್ತರದ ಬೆಟ್ಟಗಳಲ್ಲಿ. ಅಲ್ಲಿಯೂ ಹತ್ತೊಂಬತ್ತನೆಯ ಶತಮಾನದ ಪ್ರಯತ್ನಗಳು ಕೈಗೂಡದೆ, ಅವಲಾಂಚಿಯ ಮರಿಸಾಕಣೆ ಕೇಂದ್ರ ಇಪ್ಪತ್ತನೆಯ ಶತಮಾನದ ಮೊದಲ ದಶಕದಲ್ಲಿ ಆರಂಭವಾದ ಬಳಿಕವೇ ಅದು ಸಾಧ್ಯವಾಯಿತು. ಸೇಲಮಿನ ಶೇರ್ವರಾಯನ್ ಬೆಟ್ಟದ ಏರ್ಕಾಡು ಸುಮಾರು 1,500 ಮೀಟರು ಎತ್ತರದಲ್ಲಿದೆ. ನೀಲಗಿರಿಯ ಟ್ರೌಟ್ ಹೊಳೆಗಳು ಅದಕ್ಕಿಂತಲೂ ಎತ್ತರದವು. ಚಿನ್ನಾರಿನ ಕಣಿವೆಯಲ್ಲಂತೂ ಆ ಮೀನು ಒಂದು ಬೇಸಗೆಯನ್ನೂ ಕಳೆಯಲಾರದು.

ಇಲ್ಲಿನ ಜೀವಿಗಳು ಬೇರೊಂದು ಲೆಕ್ಕದಲ್ಲಿ ಬದುಕುತ್ತವೆ. ಮಳೆ ವರ್ಷಕ್ಕೆ ಒಂಬೈನೂರು ಮಿಲಿಮೀಟರಿನ ಆಸುಪಾಸು. ಅದೂ ಎರಡು ಕಂತುಗಳಲ್ಲಿ, ಮುಂಗಾರಿನ ಅಳಿದುಳಿದ ಮೋಡಗಳಿಂದ ಒಂದಿಷ್ಟು, ಈಶಾನ್ಯ ಮಾರುತದಿಂದ ಅಕ್ಟೋಬರ್, ನವೆಂಬರ್ ತಿಂಗಳುಗಳಲ್ಲಿ ಮತ್ತೊಂದಿಷ್ಟು. ನೆರೆ ಬಂದರೆ ಕೆಲವೇ ಗಂಟೆಗಳಲ್ಲಿ ಬಂದು ಇಳಿದುಹೋಗುತ್ತದೆ. ಆಮೇಲೆ ಹೊಳೆಯೆಂದರೆ ಮಡುಗಳ ಸಾಲು. ಬಂಡೆಯ ನೆರಳಿನಲ್ಲಿ ಆಳವಾದ ಮಡು ಇದ್ದಲ್ಲಿ ಮೀನು ಉಳಿಯುತ್ತದೆ, ಮೀನು ಉಳಿದಲ್ಲಿ ಮಿಂಚುಳ್ಳಿ ಬರುತ್ತದೆ. ಮರಳಿನ ಕೆಳಗಣ ತೇವ ದಂಡೆಯ ಹೊಳೆಮತ್ತಿ, ಹೊಂಗೆ, ನೇರಳೆ, ಹುಣಿಸೆ ಮರಗಳನ್ನು ಹಸಿರಾಗಿಡುತ್ತದೆ. ಅದೇ ಹೊತ್ತಿನಲ್ಲಿ ಇಳಿಜಾರಿನ ದಿಂಡಿಗ, ಬಿದಿರುಗಳು ಎಲೆಯುದುರಿಸಿ ಬೋಳಾಗಿರುತ್ತವೆ. ಎತ್ತರದಿಂದ ನೋಡಿದರೆ ಕಂದು ಬೆಟ್ಟಗಳ ನಡುವೆ ಒಂದು ಹಸಿರು ನೂಲು.

ಆ ನೂಲು ಎಷ್ಟು ತೆಳುವೋ ಅಷ್ಟು ಅಗತ್ಯ. ಕಾವೇರಿಯ ಈ ಭಾಗದ ದಂಡೆಕಾಡುಗಳಲ್ಲಿ ಬೂದುಬಣ್ಣದ ದೈತ್ಯ ಅಳಿಲು ವಾಸಿಸುತ್ತದೆ. ಭಾರತದ ದಕ್ಷಿಣದ ಕೆಲವೇ ಕಾಡುಗಳಲ್ಲಿ ಮತ್ತು ಶ್ರೀಲಂಕೆಯಲ್ಲಿ ಮಾತ್ರ ಕಾಣುವ ಇದು ಕೊಂಬೆಯಿಂದ ಕೊಂಬೆಗೆ ಸಾಗಿ ಬದುಕುವ ಪ್ರಾಣಿ. ದಂಡೆಯ ಮರಗಳ ನೆತ್ತಿ ಒಂದಕ್ಕೊಂದು ತಾಗದಿದ್ದರೆ ಅದು ನೆಲಕ್ಕಿಳಿಯಬೇಕು. ನೆಲದಲ್ಲಿ ಚಿರತೆ, ಕಾಡುನಾಯಿಗಳಿವೆ. ಬೇಸಗೆಯಲ್ಲಿ ಆನೆಗಳು ನೀರಿಗಾಗಿ ಕಾವೇರಿಯ ಕಡೆಗೆ ಇಳಿಯುವುದೂ ಇಂಥ ಕಣಿವೆಗಳ ದಾರಿಯಲ್ಲಿ. ಕಾವೇರಿಯಲ್ಲಿ ನೀರುನಾಯಿ, ಮೊಸಳೆ, ಮೃದುಚಿಪ್ಪಿನ ಆಮೆಗಳಿವೆ.

ಈ ನೀರಿನ ನಾಯಕ ಮಾತ್ರ ಒಂದು ಮೀನು: ಬೆನ್ನುಬ್ಬಿದ ಮಹಶೀರ್. ಐವತ್ತು ಕಿಲೋಗ್ರಾಮಿಗೂ ಮೀರಿ ಬೆಳೆಯಬಲ್ಲ ಇದು ಪ್ರಪಂಚದಲ್ಲಿ ಕಾವೇರಿಯ ಜಲಾನಯನ ಬಿಟ್ಟು ಬೇರೆಲ್ಲಿಯೂ ಇಲ್ಲ. 1946ರಲ್ಲಿ ಮೈಸೂರಿನ ವ್ಯಾನ್ ಇಂಗೆನ್ ಮನೆತನದವರೊಬ್ಬರು ಕಬಿನಿಯಲ್ಲಿ ಗಾಳಕ್ಕೆ ಹಿಡಿದ ಮೀನು 120 ಪೌಂಡು ತೂಗಿತ್ತು. ಇಷ್ಟು ಪ್ರಸಿದ್ಧವಾದ ಮೀನಿಗೆ ಖಚಿತವಾದ ವೈಜ್ಞಾನಿಕ ಹೆಸರು ದೊರೆತದ್ದು 2018ರಲ್ಲಿ ಎಂದರೆ ನಂಬುವುದು ಕಷ್ಟ. ಅಮರಾವತಿಯ ಮೂಲಹೊಳೆಗಳಲ್ಲಿ ಒಂದಾದ ಪಾಂಬಾರಿನಿಂದ 2007ರಲ್ಲಿ ಸಣ್ಣ ಮೀನುಗಳನ್ನು ಆಧರಿಸಿ ವರ್ಣಿಸಿದ ‘ಟಾರ್ ರೆಮಾದೇವೀ’ ಎಂಬ ಜಾತಿಯೇ ಇದು ಎಂದು ಮೋಯಾರ್ ನದಿಯ ಮಾದರಿಗಳಿಂದ ಗೊತ್ತಾಯಿತು. ಅದೇ ವರ್ಷ ಅದನ್ನು ಅಳಿವಿನ ಅಂಚಿನಲ್ಲಿರುವ ಜೀವಿಗಳ ಪಟ್ಟಿಗೆ ಸೇರಿಸಬೇಕಾಯಿತು. ಹೆಸರಿಡುವ ಹೊತ್ತಿಗೆ ಹೆಸರಿನವನೇ ಹೊರಡಲು ಸಿದ್ಧನಾಗಿದ್ದ.

ಕಾರಣಗಳು ಹಲವು. 1934ರಲ್ಲಿ ಪೂರ್ಣಗೊಂಡ ಸೇಲಂ ಜಿಲ್ಲೆಯ ಮೆಟ್ಟೂರು ಅಣೆಕಟ್ಟು ಕೆಳಗಿನ ಕಾವೇರಿಯಿಂದ ಮೀನುಗಳು ಏರಿಬರುವ ದಾರಿಯನ್ನು ಮುಚ್ಚಿತು. ಸಿಡಿಮದ್ದು ಹಾಕಿ ಮೀನು ಹಿಡಿಯುವವರು, ಮರಳು ತೋಡುವವರು ಉಳಿದುದನ್ನು ಮಾಡಿದರು. ಎಲ್ಲಕ್ಕಿಂತ ವಿಚಿತ್ರವಾದುದು ಒಳ್ಳೆಯ ಉದ್ದೇಶದಿಂದ ಆದ ಕೇಡು. ಮಹಶೀರ್ ಕಡಿಮೆಯಾಗುತ್ತಿದೆ ಎಂದು ಲೋನಾವಳದಲ್ಲಿ ಮರಿ ಮಾಡಿಸಿದ ನೀಲಿ ರೆಕ್ಕೆಯ ಮಹಶೀರನ್ನು ಕಾವೇರಿಗೆ ತಂದು ಬಿಟ್ಟರು. ಅದರ ವೈಜ್ಞಾನಿಕ ಹೆಸರು ‘ಟಾರ್ ಖುದ್ರೀ’. ಪುಣೆಯ ಹತ್ತಿರದ ಹೊಳೆಯಲ್ಲಿ ಕಂಡ ಅದನ್ನು ಸೈಕ್ಸ್ 1839ರಲ್ಲಿ ವರ್ಣಿಸಿ, ಅಲ್ಲಿಯ ಮರಾಠಿ ಹೆಸರನ್ನೇ ಇಟ್ಟ. ಕಾವೇರಿಯ ಮಧ್ಯಭಾಗದ ಗಾಳಶಿಬಿರಗಳಲ್ಲಿ 1998ರಿಂದ 2012ರವರೆಗೆ ಬರೆದಿಟ್ಟ ಲೆಕ್ಕಗಳಲ್ಲಿ ಈ ಅತಿಥಿಯ ಸಂಖ್ಯೆ ಏರಿತು, ಮನೆಯವನದು ಕುಸಿಯಿತು. ಲೆಕ್ಕದ ಪುಸ್ತಕದಲ್ಲಿ ಎರಡನ್ನೂ ‘ಮಹಶೀರ್’ ಎಂದೇ ಕೂಡಿಸಿದವನಿಗೆ ಎಲ್ಲವೂ ಸರಿಯಾಗಿರುವಂತೆ ಕಾಣುತ್ತಿತ್ತು.

ಇಲ್ಲಿ ಚಿನ್ನಾರಿನಂಥ ಸಣ್ಣ ಹೊಳೆಗಳ ಮಾತು ಬರುತ್ತದೆ. ಮಹಶೀರ್ ಜಾತಿಯ ಮೀನುಗಳು ಸಾಮಾನ್ಯವಾಗಿ ನೆರೆಯ ಹೊತ್ತಿನಲ್ಲಿ ಮೇಲಕ್ಕೆ, ಉಪನದಿಗಳೊಳಕ್ಕೆ ಏರಿ, ಶುದ್ಧವಾದ ನುಣ್ಣನೆಯ ಕಲ್ಲುಗಳ ನಡುವೆ ಮೊಟ್ಟೆಯಿಡುತ್ತವೆ. ಕಲ್ಲಿನ ಸಂದುಗಳಲ್ಲಿ ಹೂಳು ತುಂಬಿದರೆ ಮೊಟ್ಟೆಗೆ ಉಸಿರಿಲ್ಲ. ಮೇಲಣ ಅಣೆಕಟ್ಟು ತುಂಬುವ ತನಕ ಮೊದಲ ನೆರೆ ಕೆಳಗಿಳಿಯುವುದಿಲ್ಲವಾದ್ದರಿಂದ, ಏರಬೇಕಾದ ಮೀನಿಗೆ ಕರೆಯೇ ತಲುಪುವುದಿಲ್ಲ. ಪಂಚಪಳ್ಳಿಯ ನೀರು ಪಾಲಕ್ಕೋಡಿನ ಹೊಲಗಳಿಗೆ ಬೇಕು. ಬರದ ಜಿಲ್ಲೆಯ ರೈತನಿಗೆ ಮೀನಿಗಾಗಿ ನೀರು ಬಿಡು ಎನ್ನುವುದು ಸುಲಭವಲ್ಲ. ಹಾಗೆ ಹೇಳುವ ಹಕ್ಕು ನಗರದಲ್ಲಿ ನಲ್ಲಿಯಿಂದ ಕಾವೇರಿ ಕುಡಿಯುವವನಿಗೆ ಇನ್ನೂ ಕಡಿಮೆ. ಆದರೂ ಮಳೆಗಾಲದ ಆರಂಭದಲ್ಲಿ ಕೆಲವು ದಿನಗಳ ಹರಿವನ್ನು ಹೊಳೆಗೆ ಬಿಡುವುದು ಸಾಧ್ಯವೇ ಎಂಬ ಪ್ರಶ್ನೆಯನ್ನು ಕೇಳದಿರಲಾಗದು.

ತಮಿಳುನಾಡು ಸರ್ಕಾರ 2022ರ ನವೆಂಬರಿನಲ್ಲಿ ಕೃಷ್ಣಗಿರಿ, ಧರ್ಮಪುರಿ ಜಿಲ್ಲೆಗಳ 686 ಚದರ ಕಿಲೋಮೀಟರು ಕಾಡನ್ನು ಕಾವೇರಿ ದಕ್ಷಿಣ ವನ್ಯಜೀವಿ ಅಭಯಾರಣ್ಯವೆಂದು ಘೋಷಿಸಿತು. 2014ರ ಕಾವೇರಿ ಉತ್ತರ ಅಭಯಾರಣ್ಯ ಮತ್ತು ಕರ್ನಾಟಕದ ಕಾವೇರಿ ವನ್ಯಧಾಮಗಳೊಡನೆ ಅದು ಕೂಡಿಕೊಂಡಿದೆ. ಆನೆಗೂ ಅಳಿಲಿಗೂ ಇದರಿಂದ ನೆಲೆ ಭದ್ರವಾದೀತು. ನೀರಿನೊಳಗಿನದನ್ನು ಕಾಯಲು ಮಾತ್ರ ಮೊದಲು ಗುರುತಿಸಲು ಬರಬೇಕು: ಉಬ್ಬಿದ ಬೆನ್ನು, ಕಿತ್ತಳೆ ಬಣ್ಣದ ಬಾಲವಿದ್ದರೆ ಅದು ಕಾವೇರಿಯದು, ರೆಕ್ಕೆಗಳು ನೀಲಿಯಾಗಿದ್ದರೆ ಪುಣೆಯ ಕಡೆಯದು.