ಸೂಲಗಿತ್ತಿಯ ಜೊತೆ ನಡೆದ ಕ್ಯಾಮೆರಾ

ಎರಡನೇ ಮಹಾಯುದ್ಧ ಮುಗಿದ ಮೇಲೂ ಅಮೆರಿಕದ ದಕ್ಷಿಣ ರಾಜ್ಯಗಳಲ್ಲಿ ಕಪ್ಪು ಜನರ ಎಷ್ಟೋ ಹೆರಿಗೆಗಳು ಸೂಲಗಿತ್ತಿಯರ ಕೈಯಲ್ಲೇ ಆಗುತ್ತಿದ್ದವು. ಆಸ್ಪತ್ರೆ ದೂರ, ಹತ್ತಿರವಿದ್ದ ಕಡೆ ವರ್ಣಭೇದ ಅಡ್ಡ ನಿಲ್ಲುತ್ತಿತ್ತು. ಈ ಸೂಲಗಿತ್ತಿಯರಿಗೆ ಶುಚಿತ್ವದ ಪಾಠ ಹೇಳಲು ಜಾರ್ಜಿಯಾದ ಆರೋಗ್ಯ ಇಲಾಖೆಗೆ ಒಂದು ತರಬೇತಿ ಚಿತ್ರ ಬೇಕಾಯಿತು. ಆ ಕೆಲಸ ಜಾರ್ಜ್ ಸ್ಟೋನಿಗೆ ಬಂತು.

ಸ್ಟೋನಿ ಹುಟ್ಟಿದ್ದು 1916ರಲ್ಲಿ, ಉತ್ತರ ಕೆರೊಲಿನಾದ ವಿನ್‌ಸ್ಟನ್-ಸೇಲಂನಲ್ಲಿ. ಓದಿದ್ದು ಚಾಪೆಲ್ ಹಿಲ್‌ನ ವಿಶ್ವವಿದ್ಯಾಲಯದಲ್ಲಿ. ಯುದ್ಧಕ್ಕೆ ಮೊದಲು ಗುನ್ನರ್ ಮಿರ್ಡಾಲ್ ವರ್ಣಸಮಸ್ಯೆಯ ಬಗ್ಗೆ ನಡೆಸಿದ ದೊಡ್ಡ ಅಧ್ಯಯನಕ್ಕಾಗಿ ಊರೂರು ಸುತ್ತಿ ಜನರನ್ನು ಮಾತಾಡಿಸಿದ್ದರು. ರೈತರ ನೆರವಿಗಿದ್ದ ಸರ್ಕಾರಿ ಇಲಾಖೆಯಲ್ಲೂ ದುಡಿದಿದ್ದರು. ಸಿನಿಮಾಕ್ಕೆ ಬಂದದ್ದು ಯುದ್ಧದ ನಂತರ, 1946ರಲ್ಲಿ. ಕ್ಯಾಮೆರಾಕ್ಕಿಂತ ಮುಂಚೆ ಅವರಿಗೆ ಕಿವಿ ಪಳಗಿತ್ತು ಎಂಬುದನ್ನು ನೆನಪಿಡಬೇಕು.

ಇಲಾಖೆಯವರು ಚಿತ್ರದಲ್ಲಿ ಇರಲೇಬೇಕಾದ ಅಂಶಗಳ ಉದ್ದನೆಯ ಪಟ್ಟಿಯನ್ನೇ ಕೊಟ್ಟಿದ್ದರು. ಕೈ ಹೇಗೆ ತೊಳೆಯಬೇಕು, ಹಾಸಿಗೆ ಹೇಗೆ ಸಿದ್ಧಮಾಡಬೇಕು ಇತ್ಯಾದಿ. ಬೇರೆ ಯಾರಾದರೂ ಆಗಿದ್ದರೆ ಆ ಪಟ್ಟಿಯನ್ನೇ ಓದಿ ಮುಗಿಸುತ್ತಿದ್ದರೇನೋ. ಸ್ಟೋನಿ ಹಾಗೆ ಮಾಡದೆ ಆಲ್ಬನಿ ಊರಿನ ಮೇರಿ ಕೋಲಿ ಎಂಬ ಸೂಲಗಿತ್ತಿಯನ್ನು ಚಿತ್ರದ ನಡುವೆ ನಿಲ್ಲಿಸಿದರು. ತಮ್ಮ ಜೀವಮಾನದಲ್ಲಿ 3,000ಕ್ಕೂ ಹೆಚ್ಚು ಕೂಸುಗಳನ್ನು ಬರಮಾಡಿಕೊಂಡ ತಾಯಿ ಆಕೆ. ಚಿತ್ರದಲ್ಲಿ ಇಬ್ಬರು ಬಸುರಿಯರಿದ್ದಾರೆ: ಒಬ್ಬಾಕೆಯ ಮನೆಯಲ್ಲಿ ಎಲ್ಲ ಸಿದ್ಧತೆ ಆಗಿದೆ, ಇನ್ನೊಬ್ಬಾಕೆಯ ಮನೆಯಲ್ಲಿ ಬಡತನ, ಬೇಸರ. ಮೇರಿ ಎರಡೂ ಮನೆಗೆ ಒಂದೇ ಮನಸ್ಸಿನಿಂದ ಹೋಗುತ್ತಾರೆ. ಪಾಠವೆಲ್ಲ ಆಕೆಯ ನಡೆಯಲ್ಲೇ ಬಂದುಬಿಡುತ್ತದೆ.

ಛಾಯಾಗ್ರಾಹಕ ಪೀಸ್ಲಿ ಬಾಂಡ್. ಅವರ ಹೆಸರು ಇಂದು ಹೆಚ್ಚಿನವರಿಗೆ ಗೊತ್ತಿಲ್ಲ, ಗೊತ್ತಿರಬೇಕಿತ್ತು. ಚಿತ್ರದಲ್ಲಿರುವುದು ನಿಜವಾದ ಹೆರಿಗೆ. ಆ ಕಾಲದ ಕ್ಯಾಮೆರಾ ಭಾರದ್ದು, ಒಳಗಿನ ಚಿತ್ರೀಕರಣಕ್ಕೆ ದೀಪ ಬೇಕೇ ಬೇಕು. ಪುಟ್ಟ ಕೋಣೆಯಲ್ಲಿ ನೋವು ತಿನ್ನುತ್ತಿರುವ ಹೆಂಗಸಿನ ಮುಂದೆ ಇಷ್ಟೆಲ್ಲ ಹರಡಿಕೊಂಡೂ ಅವರ ಕ್ಯಾಮೆರಾ ಎಲ್ಲೂ ಇಣುಕುವುದಿಲ್ಲ. ಬಾಣಂತಿಯ ಮುಖ, ಮೇರಿಯ ಕೈ, ಕೂಸಿನ ಮೊದಲ ಅಳು, ಎಲ್ಲವನ್ನೂ ಮರ್ಯಾದೆಯಿಂದ ನೋಡುತ್ತದೆ. ಇಡೀ ಚಿತ್ರದಲ್ಲಿ ನನಗೆ ಕಸಿವಿಸಿಯಾಗುವುದು ಆರಂಭದಲ್ಲಿ ಮಾತ್ರ, ವೈದ್ಯಾಧಿಕಾರಿ ಸೂಲಗಿತ್ತಿಯರನ್ನು ಕೂರಿಸಿಕೊಂಡು ಬುದ್ಧಿ ಹೇಳುವಲ್ಲಿ. ಅನುಭವವೆಲ್ಲ ಕೇಳುವವರ ಬಳಿ ಇತ್ತು, ಅಧಿಕಾರ ಹೇಳುವವರ ಬಳಿ.

'ಆಲ್ ಮೈ ಬೇಬೀಸ್' ಎಂಬ ಆ ಚಿತ್ರ 1953ರಲ್ಲಿ ಹೊರಬಂತು. ಹೊರದೇಶಗಳಲ್ಲೂ ದಾದಿಯರ ತರಬೇತಿಗೆ ಬಳಕೆಯಾಯಿತು. 2002ರಲ್ಲಿ ವಾಷಿಂಗ್ಟನ್ನಿನ ಲೈಬ್ರರಿ ಆಫ್ ಕಾಂಗ್ರೆಸ್, ಕಾಪಾಡಲೇಬೇಕಾದ ಚಿತ್ರಗಳ ರಾಷ್ಟ್ರೀಯ ಪಟ್ಟಿಗೆ ಇದನ್ನು ಸೇರಿಸಿತು.

ಸ್ಟೋನಿ ಮುಂದೆ ಕೆನಡಾಕ್ಕೆ ಹೋದರು, ಆಮೇಲೆ ನ್ಯೂಯಾರ್ಕಿನಲ್ಲಿ ಸಾಮಾನ್ಯ ಜನರೇ ಕಾರ್ಯಕ್ರಮ ಮಾಡುವ ಕೇಬಲ್ ಟಿವಿಗಾಗಿ ದುಡಿದರು. ಎಂಬತ್ತರ ಹತ್ತಿರ ಬಂದಾಗ ಮತ್ತೆ ತವರಿನತ್ತ ತಿರುಗಿದರು. 1934ರಲ್ಲಿ ದಕ್ಷಿಣದ ಜವಳಿ ಗಿರಣಿಗಳಲ್ಲಿ ಭಾರೀ ಮುಷ್ಕರ ನಡೆದಿತ್ತು. ಸೆಪ್ಟೆಂಬರ್ 6ರಂದು ದಕ್ಷಿಣ ಕೆರೊಲಿನಾದ ಹನಿಯಾ ಪಾತ್‌ನ ಗಿರಣಿಯ ಮುಂದೆ ಗುಂಡಿಗೆ ಏಳು ಕಾರ್ಮಿಕರು ಬಲಿಯಾದರು. ಆಮೇಲೆ ಊರೇ ಬಾಯಿ ಕಟ್ಟಿಕೊಂಡಿತು. ಮಕ್ಕಳಿಗೂ ಯಾರೂ ಹೇಳಲಿಲ್ಲ. ಜುಡಿತ್ ಹೆಲ್ಫ್ಯಾಂಡ್ ಮುಂತಾದವರ ಜೊತೆ ಸ್ಟೋನಿ ಮುದುಕರನ್ನು ಹುಡುಕಿ ಮಾತಾಡಿಸಿ 1995ರಲ್ಲಿ 'ದಿ ಅಪ್‌ರೈಸಿಂಗ್ ಆಫ್ 34' ಚಿತ್ರ ಹೊರತಂದರು. ಅದೇ ವರ್ಷ ಹನಿಯಾ ಪಾತ್‌ನಲ್ಲಿ ಸತ್ತವರಿಗೆ ಸ್ಮಾರಕದ ಕಲ್ಲು ನಿಂತಿತು. ಸ್ಟೋನಿ ತೀರಿಕೊಂಡದ್ದು 2012ರಲ್ಲಿ, 96ನೇ ವಯಸ್ಸಿನಲ್ಲಿ.

ಪಾವಗಡದ ಸೂಲಗಿತ್ತಿ ನರಸಮ್ಮನವರಿಗೆ ನಾವು 2018ರಲ್ಲಿ ಪದ್ಮಶ್ರೀ ಕೊಟ್ಟೆವು; ಅದೇ ವರ್ಷದ ಕೊನೆಗೆ ಅವರು ತೀರಿಕೊಂಡರು. ನಿಮ್ಮೂರಿನಲ್ಲಿ ಅಂಥ ಅಜ್ಜಿ ಇನ್ನೂ ಇದ್ದರೆ ಈ ಭಾನುವಾರವೇ ಹೋಗಿ ಅವರನ್ನು ಮಾತಾಡಿಸಿ, ಒಪ್ಪಿದರೆ ಮೊಬೈಲಿನಲ್ಲೇ ದಾಖಲಿಸಿಕೊಳ್ಳಿ. ಅವಸರ ಮಾಡಬೇಡಿ, ಮೊದಲು ಅವರ ಮಾತು ಪೂರ್ತಿ ಕೇಳಿ.