ಹದ್ದುಬಸ್ತು: ಸರ್ವೆಯರ್ ಅಳೆದ ಮೇಲೂ ವ್ಯಾಜ್ಯವೇಕೆ?

ಎರಡು ಜಮೀನುಗಳ ನಡುವೆ ಒಂದು ಬದು. ಉಳುಮೆಯ ಕಾಲದಲ್ಲಿ ನೇಗಿಲು ವರ್ಷಕ್ಕೊಂದು ಗೇಣು ಅತ್ತ ಸರಿದರೂ ಯಾರೂ ತಕರಾರು ಎತ್ತುವುದಿಲ್ಲ. ಊರ ಪಕ್ಕದಲ್ಲಿ ರಸ್ತೆ ಅಗಲವಾಗಿ, ಗುಂಟೆಯ ಬೆಲೆ ಲಕ್ಷ ದಾಟಿದ ದಿನ ಅದೇ ಬದು ನ್ಯಾಯಾಲಯದ ಮೆಟ್ಟಿಲೇರುತ್ತದೆ. ಸರ್ಕಾರಿ ಸರ್ವೆಯರ್ ಬಂದು ಅಳೆದು, ಬಾಂದುಗಲ್ಲು ನೆಟ್ಟು ಹೋದ ಮೇಲೂ ಜಗಳ ನಿಲ್ಲುವುದಿಲ್ಲ. ಕಾರಣವೇನು?

ಮೊದಲ ಕಾರಣ ಇತಿಹಾಸದಲ್ಲಿದೆ. ಹಳೆಯ ಮುಂಬಯಿ ಪ್ರಾಂತ್ಯದಲ್ಲಿಯೂ, ಅದೇ ಮಾದರಿಯನ್ನು ಅನುಸರಿಸಿ ಮೈಸೂರು ಸಂಸ್ಥಾನದಲ್ಲಿಯೂ 19ನೇ ಶತಮಾನದಲ್ಲಿ ನಡೆದ ಮೋಜಣಿಯ ಮುಖ್ಯ ಉದ್ದೇಶ ಕಂದಾಯ ನಿಗದಿಯಾಗಿತ್ತೇ ಹೊರತು ಒಡೆತನದ ತೀರ್ಮಾನವಲ್ಲ. ಅಂದು ಬಳಸಿದ್ದು 33 ಅಡಿ ಉದ್ದದ ಸರಪಳಿ. ಅದನ್ನು 16 ಆಣೆಗಳಾಗಿ ವಿಭಾಗಿಸಲಾಗಿತ್ತು. ಒಂದು ಸರಪಳಿ ಉದ್ದ, ಒಂದು ಸರಪಳಿ ಅಗಲದ ನೆಲವೇ ಗುಂಟೆ, ಅಂದರೆ 1,089 ಚದರ ಅಡಿ. ಇಂತಹ 40 ಗುಂಟೆಗಳು ಸೇರಿದರೆ ಒಂದು ಎಕರೆ.

ಆಣೆಯೊಂದಕ್ಕೆ ಎರಡು ಅಡಿಗಿಂತ ತುಸು ಹೆಚ್ಚು. ಹತ್ತು ಸರಪಳಿ ಉದ್ದದ ಗಡಿಯೊಂದು ಒಂದೇ ಆಣೆಯಷ್ಟು ಸರಿದರೆ ಕೈತಪ್ಪುವ ನೆಲ ಸುಮಾರು 680 ಚದರ ಅಡಿ. ನಗರವಾಸಿಗಳ ಲೆಕ್ಕದಲ್ಲಿ ಹೇಳುವುದಾದರೆ ಅದು 20-30 ಅಳತೆಯ ನಿವೇಶನಕ್ಕಿಂತ ದೊಡ್ಡದು. ಜೋಳ ಬೆಳೆಯುವ ಕಾಲದಲ್ಲಿ ಯಾರೂ ಲೆಕ್ಕಿಸದಿದ್ದ ವ್ಯತ್ಯಾಸ ಇಂದು ಒಂದು ಮನೆಯ ಜಾಗವಾಗಿದೆ.

ಎರಡನೆಯ ಕಾರಣ ಪಹಣಿಗೂ ನೆಲಕ್ಕೂ ಇರುವ ಅಂತರ. ಸರ್ವೆ ನಂಬರೊಂದು ಅಣ್ಣತಮ್ಮಂದಿರ ಪಾಲಿಗೋ ಮಾರಾಟಕ್ಕೋ ಒಳಗಾದಾಗ ಪಹಣಿಯಲ್ಲಿ ಹೆಸರುಗಳು ಸೇರುತ್ತವೆ. ಆದರೆ ಪೋಡಿಯಾಗಿ ಪ್ರತ್ಯೇಕ ಹಿಸ್ಸಾ ನಕ್ಷೆ ಸಿದ್ಧವಾಗುವ ತನಕ ಯಾರ ಪಾಲು ಎಲ್ಲಿ ಎಂಬುದು ಕಾಗದದ ಮೇಲೆ ಸ್ಪಷ್ಟವಿರುವುದಿಲ್ಲ. ‘ಭೂಮಿ’ ಯೋಜನೆ 2000ದ ದಶಕದ ಆರಂಭದಲ್ಲಿ ಪಹಣಿಯನ್ನು ಕಂಪ್ಯೂಟರಿಗೆ ಏರಿಸಿತು. ಹಳೆಯ ಅಳತೆಯ ದೋಷ ಅದರಿಂದ ತಾನಾಗಿಯೇ ಸರಿಹೋಗಲಿಲ್ಲ. ಹೀಗಾಗಿ ಪಹಣಿಗಳಲ್ಲಿನ ವಿಸ್ತೀರ್ಣವನ್ನೆಲ್ಲ ಕೂಡಿದರೆ ಆಕಾರಬಂದ್‌ನಲ್ಲಿರುವ ಮೂಲ ವಿಸ್ತೀರ್ಣಕ್ಕಿಂತ ಹೆಚ್ಚಾಗುವ ಪ್ರಸಂಗಗಳೂ ಉಂಟು. ಆಗ ಯಾರಿಗಾದರೂ ನೆಲ ಕಡಿಮೆಯಾಗಲೇಬೇಕು.

ಯಾರ ಅಧಿಕಾರ ಎಲ್ಲಿಯವರೆಗೆ?

ಕರ್ನಾಟಕ ಭೂಕಂದಾಯ ಕಾಯ್ದೆ, 1964ರ ಅಡಿಯಲ್ಲಿ ಸರ್ವೆ ನಂಬರಿನ ಗಡಿ ಗುರುತಿಸುವ ಅಧಿಕಾರ ಕಂದಾಯ ಮತ್ತು ಸರ್ವೆ ಅಧಿಕಾರಿಗಳಿಗಿದೆ. ಹದ್ದುಬಸ್ತಿಗೆ ಅರ್ಜಿ ಸಲ್ಲಿಸಿದಾಗ ಸರ್ವೆಯರ್ ಮೂಲ ಟಿಪ್ಪಣಿ ಹಾಗೂ ನಕ್ಷೆಯ ಆಧಾರದ ಮೇಲೆ ಅಳೆಯುತ್ತಾರೆ. ಅಕ್ಕಪಕ್ಕದ ಹಿಡುವಳಿದಾರರಿಗೆ ನೋಟಿಸು ನೀಡುವುದು ಇಲ್ಲಿ ಮುಖ್ಯ. ನೋಟಿಸಿಲ್ಲದೆ, ನೆರೆಯವರ ಬೆನ್ನ ಹಿಂದೆ ನಡೆದ ಅಳತೆ ಮೇಲ್ಮನವಿಯಲ್ಲಿ ನಿಲ್ಲುವುದು ಕಷ್ಟ.

ಆದರೆ ಒಡೆತನ ಯಾರದು ಎಂಬ ಪ್ರಶ್ನೆಯನ್ನು ಸರ್ವೆಯರ್ ಇತ್ಯರ್ಥಪಡಿಸಲಾರರು. ಅದು ಸಿವಿಲ್ ನ್ಯಾಯಾಲಯದ ಕೆಲಸ. ಪಹಣಿಯಲ್ಲಿನ ನಮೂದು ಸರಿಯೆಂದು ಕಾಯ್ದೆಯ 133ನೇ ಪ್ರಕರಣ ಭಾವಿಸುತ್ತದೆ. ತಪ್ಪೆಂದು ರುಜುವಾತಾಗುವವರೆಗೆ ಮಾತ್ರ. ಖಾತೆ ಬದಲಾವಣೆಯಿಂದಲೇ ಹಕ್ಕು ಹುಟ್ಟುವುದಿಲ್ಲ ಎಂದು ಸುಪ್ರೀಂ ಕೋರ್ಟ್ ಹಲವು ಬಾರಿ ಹೇಳಿದೆ. ಕ್ರಯಪತ್ರದಲ್ಲಿ ಬರೆದ ಚಕ್ಕುಬಂದಿಗೂ ವಿಸ್ತೀರ್ಣಕ್ಕೂ ತಾಳೆಯಾಗದಿದ್ದರೆ ಸಾಮಾನ್ಯವಾಗಿ ಚಕ್ಕುಬಂದಿಗೇ ಪ್ರಾಶಸ್ತ್ಯ.

ದಾವೆಯಲ್ಲಿ ಎಡವುವುದೆಲ್ಲಿ?

ನೆರೆಯವರು ಒತ್ತುವರಿ ಮಾಡಿದರೆಂದು ಹಲವರು ಬರಿಯ ನಿರ್ಬಂಧಕಾಜ್ಞೆ ಕೋರಿ ದಾವೆ ಹೂಡುತ್ತಾರೆ. ಹಕ್ಕಿನ ಬಗೆಗೇ ಗಂಭೀರ ತಕರಾರಿದ್ದರೆ ಅಷ್ಟು ಸಾಲದು, ಹಕ್ಕು ಘೋಷಣೆಯನ್ನೂ ಕೇಳಬೇಕು ಎಂದು ಅನಾತುಲಾ ಸುಧಾಕರ್ ಪ್ರಕರಣದಲ್ಲಿ (2008) ಸುಪ್ರೀಂ ಕೋರ್ಟ್ ಸ್ಪಷ್ಟಪಡಿಸಿದೆ. ಸ್ವಾಧೀನವೇ ತಪ್ಪಿಹೋಗಿದ್ದರೆ ಅದನ್ನು ಮರಳಿ ಕೊಡಿಸುವಂತೆಯೂ ಕೋರಬೇಕು. ಇದನ್ನರಿಯದೆ ವರ್ಷಗಟ್ಟಲೆ ಅಲೆದು, ಕೊನೆಗೆ ಬರಿಗೈಯಲ್ಲಿ ಮರಳಿದವರಿದ್ದಾರೆ.

ಗಡಿಯ ವಿಷಯದಲ್ಲಿ ಸಾಕ್ಷಿಗಳ ಬಾಯಿಮಾತಿಗಿಂತ ಸ್ಥಳದ ಅಳತೆಯೇ ಮೇಲು. ಸಿವಿಲ್ ಪ್ರಕ್ರಿಯಾ ಸಂಹಿತೆಯ 26ನೇ ಆದೇಶದ 9ನೇ ನಿಯಮದಂತೆ ನ್ಯಾಯಾಲಯವು ಕಮಿಷನರನ್ನು ನೇಮಿಸಬಹುದು. ವಿವಾದ ಗಡಿ ಗುರುತಿನದೇ ಆಗಿದ್ದಲ್ಲಿ ಇಂತಹ ನೇಮಕ ಅಗತ್ಯವೆಂದು ಹರಿಯಾಣ ವಕ್ಫ್ ಮಂಡಳಿ ಪ್ರಕರಣದಲ್ಲಿ (2008) ಸುಪ್ರೀಂ ಕೋರ್ಟ್ ಅಭಿಪ್ರಾಯಪಟ್ಟಿದೆ. ಕಮಿಷನರ ವರದಿ ಸಾಕ್ಷ್ಯವೇ ಹೊರತು ತೀರ್ಪಲ್ಲ. ಒಪ್ಪದವರು ಆಕ್ಷೇಪಣೆ ಸಲ್ಲಿಸಿ, ಅವರನ್ನು ಪ್ರಶ್ನಿಸಬಹುದು.

ಸುಮ್ಮನಿರುವುದೂ ಅಪಾಯವೇ. ನಿಜವಾದ ಮಾಲೀಕನ ಹಕ್ಕನ್ನು ಅಲ್ಲಗಳೆದು, ಬಹಿರಂಗವಾಗಿ, ಅಡೆತಡೆಯಿಲ್ಲದೆ 12 ವರ್ಷ ಅನುಭವಿಸಿದವರು ಪ್ರತಿಕೂಲ ಸ್ವಾಧೀನದ ವಾದ ಹೂಡಬಹುದು. ಆದರೆ ಕೇವಲ ದೀರ್ಘಕಾಲದ ಅನುಭೋಗ ಸಾಲದು. ಮಾಲೀಕನ ಒಪ್ಪಿಗೆಯಿಂದ ಉಳುತ್ತಿದ್ದರೆ ಈ ವಾದಕ್ಕೆ ಎಡೆಯೇ ಇಲ್ಲ.

ಕೊಳ್ಳುವ ಮುನ್ನ

ಜಮೀನು ಕೊಳ್ಳುವವರು ಪಹಣಿಯೊಂದನ್ನೇ ನಂಬದೆ ಟಿಪ್ಪಣಿ, ಆಕಾರಬಂದ್, ಹಿಸ್ಸಾ ನಕ್ಷೆಗಳನ್ನು ತಾಳೆ ನೋಡಬೇಕು. ಸರ್ವೆ ನಂಬರಿನ ಒಂದು ಭಾಗವನ್ನಷ್ಟೇ ಕೊಳ್ಳುವುದಾದರೆ 11-ಇ ನಕ್ಷೆ ಬೇಕು. ಹದ್ದುಬಸ್ತು ಮಾಡಿಸುವುದು ಕಾಂಪೌಂಡ್ ಕಟ್ಟುವ ಮುನ್ನವೇ ಹೊರತು ಕಟ್ಟಿದ ಮೇಲಲ್ಲ. ಮಹಜರಿಗೆ ಸಹಿ ಹಾಕುವ ಮುನ್ನ ಪೂರ್ತಿ ಓದಿ, ಆಕ್ಷೇಪಣೆಯಿದ್ದರೆ ಬರವಣಿಗೆಯಲ್ಲೇ ಕೊಡಿ. ಸರ್ಕಾರ ನೆಟ್ಟ ಗಡಿಕಲ್ಲನ್ನು ಕಿತ್ತೊಗೆಯುವುದು ಶಿಕ್ಷಾರ್ಹ ಅಪರಾಧ ಎಂಬುದೂ ನೆನಪಿರಲಿ.

ಡ್ರೋನ್, ರೋವರ್‌ಗಳು ಬಂದು ಅಳತೆ ಇಂದು ಹೆಚ್ಚು ನಿಖರವಾಗಿದೆ. ಆದರೆ ಯಂತ್ರ ತೋರಿಸುವುದು ಇಂದಿನ ಬದು ಎಲ್ಲಿದೆ ಎಂಬುದನ್ನು. ಅದು ಎಲ್ಲಿರಬೇಕಿತ್ತು ಎಂಬುದಕ್ಕೆ ಹಳೆಯ ಕಾಗದಗಳೇ ಉತ್ತರಿಸಬೇಕು. ಅವೂ ಮೌನವಾದಾಗ ಲೋಕ ಅದಾಲತ್‌ನ ರಾಜಿಯೇ ಲೇಸು. ಅಲ್ಲಿನ ತೀರ್ಪಿಗೆ ಮೇಲ್ಮನವಿಯಿಲ್ಲ, ಕಟ್ಟಿದ ಕೋರ್ಟ್ ಶುಲ್ಕವೂ ಮರಳುತ್ತದೆ. ಎಲ್ಲಕ್ಕಿಂತ ಮಿಗಿಲಾಗಿ, ಬದುವಿನಾಚೆಯ ಮನೆಯವರೊಡನೆ ಮಾತು ಉಳಿಯುತ್ತದೆ.