ಊರಿಗೆ ಪಶು ಆಸ್ಪತ್ರೆ ಕಟ್ಟಡ ಬರುವುದು ಹೇಗೆ?



"ನಮ್ಮೂರಿಗೆ ಪಶು ಆಸ್ಪತ್ರೆಗೆ ಸ್ವಂತ ಕಟ್ಟಡ ಬೇಕು" ಎಂಬ ಬೇಡಿಕೆ ಸಂಘಗಳ ಸಭೆಗಳಲ್ಲಿ ಮತ್ತೆ ಮತ್ತೆ ಕೇಳಿಬರುತ್ತದೆ. ಬೇಡಿಕೆ ನ್ಯಾಯವಾದದ್ದೇ. ಆದರೆ ಎಷ್ಟೋ ಕಡೆ ಊರಿನವರು ಬಾಯಿ ತೆರೆಯುವುದು ಗುದ್ದಲಿ ಪೂಜೆಯ ದಿನ. ಅಷ್ಟು ಹೊತ್ತಿಗೆ ಕಟ್ಟಡ ಎಲ್ಲಿ, ಎಷ್ಟು ದೊಡ್ಡದು, ಯಾವ ಹಣದಲ್ಲಿ ಎಂಬುದೆಲ್ಲ ಕಾಗದದ ಮೇಲೆ ತೀರ್ಮಾನವಾಗಿ ಹೋಗಿರುತ್ತದೆ. ಆದ್ದರಿಂದ ಸರ್ಕಾರ ಇಂಥ ಕಾಮಗಾರಿಗಳನ್ನು ಯೋಜಿಸುವ ಕ್ರಮವನ್ನು ಸದಸ್ಯರು ತಿಳಿದಿರುವುದು ಅಗತ್ಯ.

ಹಣ ಎಲ್ಲಿಂದ ಬರುತ್ತದೆ?

ಪಶು ಆಸ್ಪತ್ರೆ, ಗ್ರಾಮೀಣ ರಸ್ತೆ, ಸೇತುವೆ, ಸಣ್ಣ ನೀರಾವರಿ ಮುಂತಾದ ಕೆಲಸಗಳಿಗೆ ರಾಜ್ಯ ಸರ್ಕಾರಗಳು ಬಳಸುವ ಒಂದು ಮುಖ್ಯ ಮೂಲವೆಂದರೆ ನಬಾರ್ಡ್ ಬ್ಯಾಂಕಿನ ಗ್ರಾಮೀಣ ಮೂಲಸೌಕರ್ಯ ಅಭಿವೃದ್ಧಿ ನಿಧಿ. ಇದನ್ನು ಆರ್.ಐ.ಡಿ.ಎಫ್. ಎಂದು ಕರೆಯುತ್ತಾರೆ. 1995-96ರಲ್ಲಿ 2,000 ಕೋಟಿ ರೂಪಾಯಿಯಿಂದ ಇದು ಆರಂಭವಾಯಿತು. ಆಗ ಅನೇಕ ರಾಜ್ಯಗಳಲ್ಲಿ ನೀರಾವರಿ ಮೊದಲಾದ ಕೆಲಸಗಳು ಹಣವಿಲ್ಲದೆ ಅರ್ಧಕ್ಕೆ ನಿಂತಿದ್ದವು. ಇನ್ನೊಂದು ಕಡೆ, ಕೃಷಿಗೆ ಕೊಡಬೇಕಾದ ಸಾಲದ ಗುರಿಯನ್ನು ಹಲವು ಬ್ಯಾಂಕುಗಳು ಮುಟ್ಟುತ್ತಿರಲಿಲ್ಲ. ಹಾಗೆ ಕೊರತೆಯಾದ ಹಣವನ್ನು ಬ್ಯಾಂಕುಗಳಿಂದ ನಬಾರ್ಡ್‌ನಲ್ಲಿ ಠೇವಣಿ ಇಡಿಸಿ, ಅದನ್ನು ರಾಜ್ಯಗಳಿಗೆ ಸಾಲ ಕೊಡುವ ಏರ್ಪಾಡು ಇದು.

ಗಮನಿಸಿ, ಇದು ಅನುದಾನವಲ್ಲ, ಸಾಲ. ಮೊದಲ ಎರಡು ವರ್ಷ ಅಸಲಿಗೆ ರಿಯಾಯಿತಿ ಇದ್ದು, ಒಟ್ಟು ಏಳು ವರ್ಷಗಳಲ್ಲಿ ರಾಜ್ಯ ಸರ್ಕಾರ ಅದನ್ನು ಬಡ್ಡಿ ಸಮೇತ ತೀರಿಸಬೇಕು. ಹಾಗೆಂದು ಎಷ್ಟು ಬೇಕಾದರೂ ಸಾಲ ಎತ್ತುವಂತಿಲ್ಲ. ಕರ್ನಾಟಕ ವಿತ್ತೀಯ ಹೊಣೆಗಾರಿಕೆ ಅಧಿನಿಯಮ, 2002 ಸರ್ಕಾರದ ಸಾಲಕ್ಕೆ ಮಿತಿ ಹಾಕಿದೆ. ಆದಕಾರಣ ಒಂದು ಊರಿಗೆ ಕಟ್ಟಡ ಬಂದರೆ ಇನ್ನೊಂದು ಊರು ಕಾಯಬೇಕಾಗುತ್ತದೆ.

ಕಾಗದ ನಡೆಯುವ ದಾರಿ

ಮೊದಲು ಇಲಾಖೆಯ ತಾಲ್ಲೂಕು ಮತ್ತು ಜಿಲ್ಲಾ ಕಚೇರಿಗಳಿಂದ ಸ್ವಂತ ಕಟ್ಟಡವಿಲ್ಲದ ಅಥವಾ ಶಿಥಿಲವಾದ ಪಶು ಚಿಕಿತ್ಸಾಲಯಗಳ ಪಟ್ಟಿ ಹೋಗುತ್ತದೆ. ನಿವೇಶನ ಇಲಾಖೆಯ ಹೆಸರಿಗೆ ಇದೆಯೇ ಎಂಬುದು ಇಲ್ಲಿಯ ದೊಡ್ಡ ಪ್ರಶ್ನೆ. ಜಾಗದ ದಾಖಲೆ ಸರಿಯಿಲ್ಲದ ಊರು ಪಟ್ಟಿಯಲ್ಲಿ ಹಿಂದೆ ಬೀಳುತ್ತದೆ. ನಂತರ ಎಂಜಿನಿಯರರು ನಕ್ಷೆ ಮತ್ತು ಅಂದಾಜು ಪಟ್ಟಿ ತಯಾರಿಸುತ್ತಾರೆ. ಪ್ರಸ್ತಾವನೆ ಹಣಕಾಸು ಇಲಾಖೆಯ ಮೂಲಕ ನಬಾರ್ಡ್‌ಗೆ ಹೋಗಿ, ಅಲ್ಲಿ ಪರಿಶೀಲನೆಯಾಗಿ ಮಂಜೂರಾಗುತ್ತದೆ. ಆ ಮೇಲೆ ಆಡಳಿತಾತ್ಮಕ ಅನುಮೋದನೆ, ಟೆಂಡರ್, ಕೆಲಸ. ಸರ್ಕಾರ ತನ್ನ ಆಯವ್ಯಯದಿಂದ ಖರ್ಚು ಮಾಡಿ ಲೆಕ್ಕ ಒಪ್ಪಿಸಿದಂತೆ ಸಾಲದ ಹಣ ಬರುತ್ತದೆ. ಕೆಲಸ ನಿಂತರೆ ಹಣವೂ ನಿಲ್ಲುತ್ತದೆ.

ಈ ದಾರಿಯಲ್ಲಿ ಊರಿನವರ ಮಾತಿಗೆ ಹೆಚ್ಚು ಬೆಲೆ ಇರುವುದು ಅಂದಾಜು ಪಟ್ಟಿ ತಯಾರಾಗುವ ಮೊದಲು. ಒಮ್ಮೆ ಟೆಂಡರ್ ಆದ ಮೇಲೆ ಒಂದು ಬಾಗಿಲಿನ ಜಾಗ ಬದಲಿಸುವುದೂ ಕಷ್ಟ.

ಕಟ್ಟಡ ಬೇರೆ, ವೈದ್ಯರು ಬೇರೆ

ಹಸು ಕೊಳ್ಳುವಾಗ ನಾವು ಬೆಲೆಯೊಂದನ್ನೇ ನೋಡುವುದಿಲ್ಲ. ಮೇವು, ನೀರು, ಕೊಟ್ಟಿಗೆ, ನೋಡಿಕೊಳ್ಳುವ ಕೈ ಇದೆಯೇ ಎಂದು ಲೆಕ್ಕ ಹಾಕುತ್ತೇವೆ. ಬೆಲೆ ಕೊಡುವುದು ಒಂದು ದಿನ, ಮೇವು ಹಾಕುವುದು ದಿನಾಲೂ. ಸರ್ಕಾರಿ ಕಟ್ಟಡಕ್ಕೂ ಇದೇ ಮಾತು ಸಲ್ಲುತ್ತದೆ. ಕಟ್ಟುವ ಹಣ ಬಂಡವಾಳ ಲೆಕ್ಕದಿಂದ ಬರುತ್ತದೆ. ವೈದ್ಯರ, ಸಿಬ್ಬಂದಿಯ ಸಂಬಳ, ಔಷಧಿ, ವಿದ್ಯುತ್ ಬಿಲ್ಲು ಇವೆಲ್ಲ ರಾಜಸ್ವ ಲೆಕ್ಕಕ್ಕೆ ಸೇರಿದವು. ಹುದ್ದೆಯ ಮಂಜೂರಾತಿ ಬೇರೆ ಕಡತ. ಆದ್ದರಿಂದ ಹೊಸ ಕಟ್ಟಡ ಬಂದ ಮಾತ್ರಕ್ಕೆ ವೈದ್ಯರು ಬಂದೇ ಬರುತ್ತಾರೆಂದು ತಿಳಿಯಬಾರದು. ಎರಡನ್ನೂ ಒಟ್ಟಿಗೆ ಕೇಳಬೇಕು.

ದುರಸ್ತಿಯ ವಿಷಯದಲ್ಲಿ ಒಂದು ಒಳ್ಳೆಯ ಮಾದರಿ ಇದೆ. 2000ದ ಡಿಸೆಂಬರ್‌ನಲ್ಲಿ ಆರಂಭವಾದ ಪ್ರಧಾನಮಂತ್ರಿ ಗ್ರಾಮ ಸಡಕ್ ಯೋಜನೆಯಲ್ಲಿ ರಸ್ತೆ ಮಾಡಿದ ಗುತ್ತಿಗೆದಾರರೇ ಐದು ವರ್ಷ ಅದನ್ನು ನಿರ್ವಹಿಸಬೇಕೆಂಬ ಷರತ್ತು ಗುತ್ತಿಗೆಯಲ್ಲೇ ಇರುತ್ತದೆ. ಕಟ್ಟಡದ ಗುತ್ತಿಗೆಯಲ್ಲಿಯೂ ದೋಷ ಕಂಡರೆ ಗುತ್ತಿಗೆದಾರರು ಸರಿಪಡಿಸಿಕೊಡಬೇಕಾದ ಅವಧಿ ಇರುತ್ತದೆ. ಛಾವಣಿ ಸೋರಿದರೆ ಆ ಅವಧಿ ಮುಗಿಯುವ ಮೊದಲೇ ಬರವಣಿಗೆಯಲ್ಲಿ ತಿಳಿಸಬೇಕು. ಅವಧಿ ಮೀರಿದರೆ ಅದೇ ದುರಸ್ತಿಗೆ ಮತ್ತೆ ಸರ್ಕಾರದ ಹಣವೇ ಬೇಕು.

ಸಂಘಗಳು ಮಾಡಬಹುದಾದ ಕೆಲಸ

1. ಗ್ರಾಮಸಭೆಯಲ್ಲಿ ವಿಷಯ ಮಂಡಿಸಿ ನಡಾವಳಿಯಲ್ಲಿ ಬರೆಸಿರಿ. ಬಾಯಿಮಾತಿನ ಬೇಡಿಕೆ ಕಡತಕ್ಕೆ ಸೇರುವುದಿಲ್ಲ.

2. ಜಾಗ ಗುರುತಿಸಿ ಪಹಣಿ, ಅಳತೆ ನಕ್ಷೆ, ಪಂಚಾಯಿತಿಯ ಠರಾವು ಇವನ್ನು ಒಟ್ಟು ಮಾಡಿಕೊಳ್ಳಿರಿ. ಯಾರೂ ಬೇಡವೆಂದು ಬಿಟ್ಟ ತಗ್ಗಿನ ಜಾಗ ಬೇಡ. ಗರ್ಭ ತುಂಬಿದ ಎಮ್ಮೆಯೂ, ಕುಂಟುವ ಹಸುವೂ ನಡೆದು ಬರುವಷ್ಟು ಹತ್ತಿರವಿರಲಿ. ಮಳೆಗಾಲದಲ್ಲಿ ವಾಹನ ಬರುವಂತಿರಲಿ.

3. ಸಂಘದಲ್ಲಿ ಹಾಲು ಹಾಕುವ ಸದಸ್ಯರೆಷ್ಟು, ಊರಿನಲ್ಲಿ ದನ, ಎಮ್ಮೆ, ಕುರಿ, ಮೇಕೆ ಎಷ್ಟು, ಈಗಿನ ಚಿಕಿತ್ಸಾಲಯ ಎಷ್ಟು ದೂರ ಎಂಬ ಅಂಕಿಗಳನ್ನು ಮನವಿಯಲ್ಲಿ ಕೊಡಿರಿ. ಪಟ್ಟಿ ಮಾಡುವವರಿಗೆ ಅಂಕಿಗಳೇ ಆಧಾರ.

4. ನಕ್ಷೆಯನ್ನು ಕೇಳಿ ನೋಡಿರಿ. ದನ ಕಟ್ಟಿ ನಿಲ್ಲಿಸುವ ಚೌಕಟ್ಟಿಗೆ ನೆರಳು, ನೀರಿನ ತೊಟ್ಟಿ, ಜಾರದ ನೆಲ, ಲಸಿಕೆ ಇಡುವ ಫ್ರಿಜ್‌ಗೆ ವಿದ್ಯುತ್ ಸಂಪರ್ಕ ಇವೆಯೇ? ಇವಿಲ್ಲದಿದ್ದರೆ ಕಟ್ಟಡ ಎಷ್ಟು ಚೆಂದವಿದ್ದರೂ ಚಿಕಿತ್ಸೆ ಬಯಲಿನಲ್ಲೇ ನಡೆಯಬೇಕಾಗುತ್ತದೆ.

5. ಕೆಲಸ ನಡೆಯುವಾಗ ಅಂದಾಜು ಪಟ್ಟಿಯ ಪ್ರತಿ ಪಡೆದುಕೊಳ್ಳಿರಿ. ಮಾಹಿತಿ ಹಕ್ಕು ಅಧಿನಿಯಮ, 2005ರಂತೆ ಯಾವ ನಾಗರಿಕರು ಬೇಕಾದರೂ ಅದನ್ನು ಕೇಳಬಹುದು. ಜಗಳಕ್ಕಾಗಿ ಅಲ್ಲ, ಬರೆದದ್ದಕ್ಕೂ ಕಟ್ಟಿದ್ದಕ್ಕೂ ತಾಳೆ ನೋಡಲಿಕ್ಕೆ.

ಕೆಚ್ಚಲು ಬಾವಿಗೆ ಮೊದಲ ದಿನವೇ ಚಿಕಿತ್ಸೆಯಾದರೆ ಮೊಲೆ ಉಳಿಯುವ ಸಾಧ್ಯತೆ ಹೆಚ್ಚು. ಹಾಲುಜ್ವರ ಬಂದು ಬಿದ್ದ ಹಸುವಿಗೆ ಕೆಲವೇ ಗಂಟೆಗಳೊಳಗೆ ಕ್ಯಾಲ್ಸಿಯಂ ಸಿಗಬೇಕು. ಚಿಕಿತ್ಸಾಲಯ ಹತ್ತಿರದಲ್ಲಿದ್ದು ಅದರ ಬಾಗಿಲು ತೆರೆದಿರುವುದಕ್ಕೂ ನಮ್ಮ ಹಾಲಿನ ಬಟವಾಡೆಗೂ ಇರುವ ಸಂಬಂಧ ಇದು. ತಮ್ಮ ಊರಿನ ಚಿಕಿತ್ಸಾಲಯಕ್ಕೆ ಸ್ವಂತ ಜಾಗದ ದಾಖಲೆ ಇದೆಯೇ ಎಂಬುದನ್ನು ಸಂಘದ ಆಡಳಿತ ಮಂಡಳಿಯವರು ಮುಂದಿನ ಸಭೆಯೊಳಗೆ ವಿಚಾರಿಸಿ ತಿಳಿದುಕೊಳ್ಳಬೇಕೆಂದು ವಿನಂತಿ.